ಕಾರಣದ ಖಾನೆ

ನಮೂನಿ ಕಾಗದದಾಗ ಏಳು ಖಾನೆ.
ಹಳ್ಳಿ, ತಾರೀಖು, ಸುಟ್ಟ ದಫ್ತರ,
ಸತ್ತ ಸರ್ಕಾರಿ ಮಂದಿ, ಸತ್ತ ರಯತರು,
ಹಾರಿಸಿದ ಗುಂಡು.
ಕಡೀ ಖಾನೆದ ತಲಿ ಮ್ಯಾಲೆ: ಕಾರಣ.
ಎರಡು ಬೆರಳಗಲ.
ತುಂಬಿದ ಬಂಡಿಗೆ ಕಡೀಕ ಹತ್ತಿದವನಂಗ
ಕಾಗದದ ಅಂಚಿಗೆ ಜೋತು ಬಿದ್ದಿತ್ತು.

ನಾನು ದಸ್ತಗೀರ, ಯಾದಗಿರಿ ತಹಸೀಲಿನ ಮುಹರೀರ.
ಕನ್ನಡದಾಗ ಅಳುವವರನ್ನ
ಉರ್ದುದಾಗ ಕೈ ಮುಗಿಸಿ ನಿಲ್ಲಿಸೋದು ನನ್ನ ನೌಕರಿ.
"ಹೊಟ್ಯಾಗ ಬೆಂಕಿ ಬಿದ್ದದ" ಅಂದರ
"ಫಿದ್ವಿಯ ವಿನಂತಿ ಏನಂದರೆ" ಅಂತ ಸುರು ಮಾಡತಿದ್ದೆ.
ಬೆಂಕಿ ಆರತಿತ್ತು. ಅಕ್ಷರ ಛಲೋ ಇದ್ದವು.

ಫಸಲಿ ಸಾವಿರದ ಮುನ್ನೂರಾ ಐವತ್ತೈದು.
ಬರ ಇರಲಿಲ್ಲ, ಇದು ನೆನಪಿರಲಿ.
ಭೀಮಾ ದಂಡಿಗುಂಟ ಒಂಟಿ ಮುಳುಗೋ ಜೋಳ,
ತೆನಿ ಒಂದೊಂದು ಕೂಸಿನ ತಲಿಯಷ್ಟು.
ಲೆವಿ ಬಂತು. ಹಿಂದನೂ ಬರತಿತ್ತು.
ಬಿಟ್ಟಿ ಬಂಡಿ, ಗಿರದಾವರನ ಕುದುರಿಗೆ ಹುಲ್ಲು,
ಅವನ ಮಗಳ ಮದುವಿಗಂತ ಮನೀಗೆರಡು ಕೋಳಿ,
ಯಾಕಂತ ಯಾರೂ ಕೇಳದ ಇನ್ನೆಂಥದೋ ಪಟ್ಟಿ,
ಎಲ್ಲಾ ಹಿಂದನೂ ಇತ್ತು. ಬೆನ್ನಿಗೆ ರೂಢಿ.

ಕೆಂಚನಾಳದ ಕಣಕ್ಕ
ದೇವಕೆಮ್ಮ ಮನ್ಯಾಗ ಅಳದು ತಂದಿದ್ದಳು ಹದಿನಾಲ್ಕು ಕೊಳಗ.
ಸರ್ಕಾರಿ ಕೊಳಗದಾಗ ಹನ್ನೊಂದಾತು.
ಮತ್ತ ಅಳೀರಿ ಅಂದಳು. ಮತ್ತ ಹನ್ನೊಂದು.
ತನ್ನ ಕೊಳಗ ತಂದು ಸರ್ಕಾರಿ ಕೊಳಗದೊಳಗ ಇಟ್ಟಳು:
ಕೂಸು ತೊಟ್ಟಿಲದಾಗ ಕುಂತಂಗ ಕುಂತಿತು.
ದೇವಕೆಮ್ಮ ನಕ್ಕಳು.
ಸಿಟ್ಟಲ್ಲ, ಶಾಪಲ್ಲ. ಬರೇ ನಗಿ.
ತಾಯಪ್ಪ ನಕ್ಕ, ಬಿಟ್ಟಿ ಬಂಡಿಯವರು ನಕ್ಕರು,
ಜವಾನ ಸೈತ ಬಾಯಿಗೆ ರುಮಾಲು ಒತ್ತಿಕೊಂಡ.
ಗಿರದಾವರ ಆಕಿ ಕಪಾಳಕ್ಕ ಹೊಡದ.

ಆಮ್ಯಾಲಿಂದು ಖಾನೆದಾಗ ಅದ.
ದಫ್ತರ ಹನ್ನೆರಡು, ಗುಂಡು ನಲವತ್ತು.
ತಾಯಪ್ಪ ಐದನೇ ಖಾನೆದಾಗ ಹಾನ,
ಹೆಸರಿಲ್ಲ, ಲೆಕ್ಕದಾಗ ಒಂದು.

ಸರ್ಕಾರ ಸುಮ್ಮ ಕೂಡಲಿಲ್ಲ.
ಮೊದಲು ಸುತ್ತೋಲೆ ಬಂತು, ಓದಾಕ ಬಾರದವರಿಗೆ.
ಅಗಸಿ ಒಳಗ ಪೊಲೀಸ್ ಠಾಣೆ ಬಂತು,
ಅದರ ರೊಟ್ಟಿ ಊರಿಂದೇ, ಅದರ ಖರ್ಚು ಪುಂಡಗಂದಾಯ,
ಸತ್ತವರ ಮನೀಗೂ ಹೆಸರು ಹಿಡದು.
ಕುಡಗೋಲು ಎಣಿಸಿ ಒಯ್ದರು.
ಸುಗ್ಗಿಗೆ ಮನೀಗೊಂದು, ರಸೀದಿ ಮ್ಯಾಲೆ;
ಹೊತ್ತು ಮುಳುಗೂದ್ರಾಗ ತಿರುಗಿ ಕೊಡಬೇಕು.
ಕಡೀಕ ಮೆತ್ತನ್ನ ದನಿ ಸಾಹೇಬನೊಬ್ಬ ಬಂದ,
ಸಾಲಿ ಕಟ್ಟಸ್ತೀನಿ ಅಂದ.
ಕಟ್ಟಿಸಿದನೂ. ಗ್ವಾಡಿ ದಪ್ಪ, ಕಿಟಕಿ ಸಣ್ಣ,
ಬಂದೂಕಿನ ನಳಿಗಿ ಹಿಡಿಯೋವಷ್ಟು.

"ಕಾರಣ ಏನು ಬರದಿ?" ಅಂದ ತಹಸೀಲ್ದಾರ.
ನಗಿ, ಅಂದೆ.
ಚಸ್ಮಾ ತೆಗದು ಒರಸಿಕೊಂಡ,
ನನ್ನ ಕೈಯಾಗಿನ ಲೆಕ್ಕಣಿಕಿ ಕಸಕೊಂಡು
ತಾನೇ ಬರದ: ಹೊರಗಿನವರ ಚಿತಾವಣಿ.
ಎರಡು ಬೆರಳಗಲದಾಗ ಸರಿಯಾಗಿ ಕುಂತಿತು.

ದೇವಕೆಮ್ಮನ ಕೊಳಗ ಮುದ್ದೇಮಾಲು, ಕಚೇರಿ ಅಟ್ಟದ ಮ್ಯಾಲೆ.
ಒಂದು ರಾತ್ರಿ ಕಂದೀಲು ಹಿಡಕೊಂಡು ಹತ್ತಿದೆ.
ಎರಡೂ ಕೊಳಗ ಇಳಿಸಿ ಉಸುಕು ಅಳದೆ.
ಫರಕು, ನನ್ನ ಮುಷ್ಟೀಲೆ ಎರಡು.
ಎರಡೂ ಕೈ ಬಿಗಿ ಹಿಡದು ಬಾಳ ಹೊತ್ತು ಕುಂತೆ.
ತಿಂಗಳಾ ನಮ್ಮ ಮನೀಗೆ ಬರತಿದ್ದ ಭತ್ಯೆದ ಜೋಳ
ಎಲ್ಲಿಂದಂತ ನಾನೂ ಕೇಳಿರಲಿಲ್ಲ.

ಹನ್ನೊಂದು ವರ್ಷಕ್ಕ ಎಲ್ಲಾ ಬದಲಾತು,
ಬಾವುಟ, ಲಿಪಿ, ಸಲಾಮು ಹೊಡಿಯೋ ರೀತಿ.
ನಮೂನಿ ಕನ್ನಡದಾಗ ಬಂತು.
ಮೊದಲು ಕಡೀ ಖಾನೆದ ಮ್ಯಾಲೆ ಬೆರಳಿಟ್ಟು ನೋಡಿದೆ.
ಒಂದೂವರಿ.

ಆ ವಾರನೇ ದೇವಕೆಮ್ಮ ಬಂದಳು,
ನನ್ನ ಕೊಳಗ ಕೊಡ್ರಿ ಅಂತ.
ಅರ್ಜಿ ಬರಸಿಕೊಂಡು ಬಾ ಅಂದರು.
ನನ್ನ ಮುಂದ ಬಂದು ಕುಂತಳು, ಹಲ್ಲಿಲ್ಲದ ಬಾಯಿ,
ಒಂದು ಕಿವಿ ಆ ಹೊಡತಕ್ಕ ಹೋದದ್ದು ಹೋಗಿತ್ತು.
"ಏನಂತ ಬರೀಲಿ ಯವ್ವಾ?" ಜೋರಲೆ ಕೇಳಿದೆ.
ಕಾಗದ ನೋಡಿದಳು, ನನ್ನ ಕೈ ನೋಡಿದಳು.
"ದೊಡ್ಡದಾಗಿ ಬರಿ" ಅಂದಳು.